ಪ್ರಾಚೀನ ಜನರ ವಸ್ತುಸಂಗ್ರಹಾಲಯ: ಗೈಡ್ ಜೊತೆ ನಡೆಯುವಾಗ ಏನು ಕೇಳಬೇಕು?

ಪ್ರಶ್ನೆ: ನಾನು ದಾವಣಗೆರೆಯ ಪ್ರೌಢಶಾಲೆಯೊಂದರಲ್ಲಿ ಸಮಾಜ ವಿಜ್ಞಾನ ಕಲಿಸುತ್ತೇನೆ. ಕಳೆದ ವರ್ಷ ಒಂಬತ್ತನೆಯ ತರಗತಿಯ ಮಕ್ಕಳನ್ನು ದೂರದ ಒಂದು ವಸ್ತುಸಂಗ್ರಹಾಲಯಕ್ಕೆ ಕರೆದೊಯ್ದಿದ್ದೆ. ಜೊತೆಗೆ ಬಂದ ಗೈಡ್ ಇಸವಿಗಳನ್ನು ಗಿಳಿಪಾಠದಂತೆ ಒಪ್ಪಿಸಿ, ಬೇಗ ಬೇಗ ಹೊರಬಾಗಿಲು ತೋರಿಸಿದರು. ಶಿಲಾಯುಗದ ಮಡಕೆಗಳ ಮುಂದೆ ಒಬ್ಬ ಹುಡುಗ "ಇವರು ಆದಿವಾಸಿಗಳೇ, ನಮ್ಮ ಪೂರ್ವಜರೇ?" ಎಂದು ಕೇಳಿದ್ದಕ್ಕೆ ನಕ್ಕು ಮುಂದೆ ಹೋದರು. ಈ ಸಲ ಚಿತ್ರದುರ್ಗದ ಸರ್ಕಾರಿ ವಸ್ತುಸಂಗ್ರಹಾಲಯ ಮತ್ತು ಊರ ಪಕ್ಕದ ಚಂದ್ರವಳ್ಳಿ ಕಣಿವೆಗೆ ಹೋಗುವ ಯೋಚನೆ ಇದೆ. ಗೈಡ್ ಬೇಕೇ? ಏನನ್ನು ನಿಂತು ನೋಡಬೇಕು? ಅವರು ಹೇಳಿದ್ದರಲ್ಲಿ ಎಷ್ಟನ್ನು ನಂಬಬೇಕು? ಮರಳಿದ ಮೇಲೆ ಮಕ್ಕಳಿಂದ ಏನು ಬರೆಸಲಿ?

ಉತ್ತರ: ಗೈಡ್ ಬೇಕು. ಆದರೆ ಅವರಿಂದ ಏನು ಹೊರಡುತ್ತದೆ ಎನ್ನುವುದು ನೀವು ಏನು ಕೇಳುತ್ತೀರಿ ಎನ್ನುವುದರ ಮೇಲೆ ನಿಂತಿದೆ. ಬಸ್ಸಿನಿಂದಿಳಿದ ಗುಂಪು ಬಾಯಿ ಬಿಡದೆ ಹಿಂದೆ ನಡೆದರೆ ಅವರು ದಿನವೂ ಹೇಳುವುದನ್ನೇ ಹೇಳುತ್ತಾರೆ, ಅದರಲ್ಲಿ ಅವರನ್ನು ದೂರುವಂಥದ್ದೇನೂ ಇಲ್ಲ. ಎಲ್ಲರೂ ಕೇಳುವುದು "ಇದು ಎಷ್ಟು ಹಳೆಯದು?" ಎಂದು. ಅದನ್ನು ಕೊನೆಗೆ ಇಟ್ಟುಕೊಳ್ಳಿ. ಮೊದಲು ಕೇಳಬೇಕಾದದ್ದು: "ಇದು ಎಲ್ಲಿ ಸಿಕ್ಕಿತು, ನೆಲದೊಳಗೆ ಯಾವುದರ ಜೊತೆ ಇತ್ತು?" ಹೊಲ ಉಳುವಾಗ ಮೇಲೆ ಬಂದ ಕಲ್ಲಿನ ಕೊಡಲಿಗೂ, ಉತ್ಖನನದಲ್ಲಿ ಮನೆಯೊಂದರ ನೆಲದ ಮೇಲೆ ಸಿಕ್ಕ ಕೊಡಲಿಗೂ ನೋಟದಲ್ಲಿ ವ್ಯತ್ಯಾಸವಿಲ್ಲ. ಮೊದಲನೆಯದು ಇಲ್ಲಿ ಕೊಡಲಿ ಬಳಸುವವರಿದ್ದರು ಎಂದಷ್ಟೇ ಹೇಳಿ ಸುಮ್ಮನಾಗುತ್ತದೆ. ಎರಡನೆಯದು ಅವರ ಮಡಕೆ, ಒಲೆ, ಸಾಕಿದ ದನ, ತಿಂದ ಕಾಳು ಎಲ್ಲವನ್ನೂ ಜೊತೆಗೆ ತರುತ್ತದೆ. ಈ ಒಂದು ಪ್ರಶ್ನೆಯನ್ನು ಮಕ್ಕಳ ಬಾಯಲ್ಲಿ ಕೂರಿಸಿದರೆ ಅರ್ಧ ಪ್ರವಾಸ ಗೆದ್ದಂತೆ.

ಏರ್ಪಾಟಿನ ವಿಷಯ ಬೇಗ ಮುಗಿಸುತ್ತೇನೆ. ಸಂಗ್ರಹಾಲಯ ಇರುವುದು ಊರೊಳಗೆ, ರಂಗಯ್ಯನಬಾಗಿಲಿನ ಬಳಿ. ಸಣ್ಣ ಸರ್ಕಾರಿ ಸಂಗ್ರಹಾಲಯಗಳಲ್ಲಿ ಪ್ರತ್ಯೇಕ ಗೈಡ್ ಇರುವುದು ಅಪರೂಪ, ಸಿಬ್ಬಂದಿಯೇ ಜೊತೆಗೆ ಬರುತ್ತಾರೆ. ಆದ್ದರಿಂದ ಶಾಲೆಯ ಲೆಟರ್‌ಹೆಡ್‌ನಲ್ಲಿ ಕ್ಯುರೇಟರ್ ಅವರಿಗೆ ಮೊದಲೇ ಪತ್ರ ಬರೆಯಿರಿ: ದಿನಾಂಕ, ಮಕ್ಕಳ ಸಂಖ್ಯೆ, ಯಾವ ತರಗತಿ, ಮುಖ್ಯವಾಗಿ "ರಾಜರ ಕಾಲಕ್ಕಿಂತ ಹಿಂದಿನ ಜನರ ಬಗ್ಗೆ ವಿವರಿಸಿದರೆ ಉಪಕಾರವಾಗುತ್ತದೆ" ಎಂಬ ಒಂದು ಸಾಲು. ಆ ಸಾಲು ಇಲ್ಲದಿದ್ದರೆ ನಿಮ್ಮನ್ನು ನೇರವಾಗಿ ಪಾಳೆಯಗಾರರ ಕತ್ತಿಗಳ ಮುಂದೆ ನಿಲ್ಲಿಸುತ್ತಾರೆ. ರಜೆಯ ದಿನ ಮತ್ತು ಫೋಟೋಕ್ಕೆ ಅನುಮತಿ ಇದೆಯೇ ಎಂಬುದನ್ನು ಫೋನಿನಲ್ಲೇ ವಿಚಾರಿಸಿಕೊಳ್ಳಿ. ಮಕ್ಕಳನ್ನು ಹದಿನೈದರ ಗುಂಪುಗಳಾಗಿ ಮಾಡಿ. ಒಂದು ಗುಂಪು ಒಳಗಿರುವಾಗ ಇನ್ನೊಂದು ಹೊರಗೆ ವೀರಗಲ್ಲು ನೋಡಲಿ, ಬುತ್ತಿ ಬಿಚ್ಚಲಿ. ಅದೇ ದಿನ ಕೋಟೆಯನ್ನೂ ಹತ್ತಿಸುತ್ತೇನೆ ಎಂದು ಹೊರಡಬೇಡಿ. ಕೋಟೆಗೆ ಒಂದು ಪೂರ್ತಿ ದಿನ ಬೇಕು. ಅದು ಬೇರೆ ಕಾಲದ, ಬೇರೆ ಜನರ ಕಥೆ.

ಒಳಗೆ ಹೋದ ಮೇಲೆ ಎಲ್ಲವನ್ನೂ ನೋಡುವ ಹಟ ಬೇಡ. ಮೂರು ಬಗೆಯ ವಸ್ತುಗಳ ಮುಂದೆ ನಿಲ್ಲಿಸಿದರೆ ಸಾಕು.

ಮೊದಲನೆಯದು ನಯಗೊಳಿಸಿದ ಕಲ್ಲಿನ ಕೊಡಲಿ. ನಮ್ಮ ಗ್ರಾನೈಟ್ ಬೆಟ್ಟಗಳ ನಡುವೆ ಅಲ್ಲಲ್ಲಿ ಕರಿಗಲ್ಲಿನ ಉದ್ದ ಪಟ್ಟಿಗಳು ಹಾದುಹೋಗಿರುತ್ತವೆ. ಡಾಲೆರೈಟ್ ಎಂಬ ಆ ಕಲ್ಲು ಒತ್ತಾಗಿದೆ, ಗಟ್ಟಿಯಾಗಿದೆ, ಏಟಿಗೆ ಸುಲಭವಾಗಿ ಸೀಳುವುದಿಲ್ಲ. ಅದರಿಂದ ಕೊಡಲಿ ಮಾಡುವುದು ಮೂರು ಹಂತದ ಕೆಲಸ. ಮೊದಲು ಇನ್ನೊಂದು ಕಲ್ಲಿನಿಂದ ಹೊಡೆದು ಚಕ್ಕೆ ಎಬ್ಬಿಸಿ ಒರಟು ಆಕಾರಕ್ಕೆ ತರಬೇಕು. ಆಮೇಲೆ ಸಣ್ಣ ಸಣ್ಣ ಏಟು ಹಾಕಿ ಮೈಯ ಉಬ್ಬುತಗ್ಗು ಇಳಿಸಬೇಕು. ಕೊನೆಗೆ ನೀರು ಮರಳು ಹಾಕಿ ಬಂಡೆಯ ಮೇಲೆ ಮಸೆಯಬೇಕು. ಬಳ್ಳಾರಿ ಬಳಿಯ ಸಂಗನಕಲ್ಲು ಬೆಟ್ಟಗಳಲ್ಲಿ ಹೀಗೆ ಮಸೆದು ಬಿದ್ದ ತೋಡುಗಳು ಬಂಡೆಗಳ ಮೇಲೆ ಈಗಲೂ ಇವೆ. ಅಲ್ಲಿ ರಾಶಿ ರಾಶಿ ಕೊಡಲಿ ತಯಾರಾಗುತ್ತಿತ್ತು.

ಪೆಟ್ಟಿಗೆಯ ಮುಂದೆ ಮಕ್ಕಳನ್ನು ಸ್ವಲ್ಪ ಬಗ್ಗಿಸಿ, ಕೊಡಲಿಯನ್ನು ಎದುರಿನಿಂದ ಬಿಟ್ಟು ಪಕ್ಕದಿಂದ ನೋಡಲು ಹೇಳಿ. ಬಾಯಿಯ ಕಡೆ ಕನ್ನಡಿಯಂತೆ ನುಣುಪು. ಮೇಲೆ ಹೋಗುತ್ತಾ ಹೋಗುತ್ತಾ ಕುಟ್ಟಿದ ಚುಕ್ಕೆಗಳು. ಹಿಂತುದಿಯಲ್ಲಿ ಚಕ್ಕೆ ಎದ್ದ ಗಾಯ ಹಾಗೆಯೇ ಉಳಿದಿರಬಹುದು. ಆ ತುದಿ ಮರದ ಹಿಡಿಯೊಳಗೆ ಸೇರಿಕೊಳ್ಳುತ್ತದೆ, ಅದನ್ನು ಮಸೆಯಲು ಯಾರು ತೋಳು ನೋಯಿಸಿಕೊಳ್ಳುತ್ತಾರೆ? ಮೂರು ಹಂತವೂ ಒಂದೇ ಕಲ್ಲಿನ ಮೇಲೆ ಕಾಣಿಸುತ್ತದೆ. "ಶಿಲಾಯುಗದವರು ಅನಾಗರಿಕರು" ಎಂಬ ಮಾತು ಇಷ್ಟು ನೋಡಿದ ಮಗುವಿನ ಬಾಯಲ್ಲಿ ಆಮೇಲೆ ಬರುವುದು ಕಷ್ಟ. ಅಂದ ಹಾಗೆ, ಇಂಥ ಕೊಡಲಿಗಳನ್ನು ಸಿಡಿಲಿನೊಡನೆ ಬಿದ್ದ ಕಲ್ಲುಗಳೆಂದು ನಂಬಿ ಹಳ್ಳಿಯ ಗುಡಿಗಳಲ್ಲಿ ಇಟ್ಟು ಪೂಜಿಸುವುದುಂಟು. ನಿಮ್ಮ ಮಕ್ಕಳಲ್ಲಿ ಯಾರಾದರೂ ನೋಡಿರಬಹುದು, ಕೇಳಿ.

ಎರಡನೆಯದು ಮಡಕೆ. ಮಕ್ಕಳು ಮಡಕೆ ಚೂರುಗಳ ಮುಂದೆ ನಿಲ್ಲುವುದಿಲ್ಲ, ಗೈಡ್‌ಗಳೂ ನಿಲ್ಲಿಸುವುದಿಲ್ಲ. ಆದರೆ ನಮ್ಮ ಇಡೀ ವಿದ್ಯೆ ನಿಂತಿರುವುದು ಈ ಚೂರುಗಳ ಮೇಲೆ. ಕೊಡಲಿಯವರ ಮಡಕೆ ಹೆಚ್ಚಾಗಿ ಬೂದು ಬಣ್ಣದ್ದು, ಕೈಯಲ್ಲೇ ಮಾಡಿದ್ದು. ಅವರ ನಂತರದ, ಕಬ್ಬಿಣ ಬಲ್ಲ, ದೊಡ್ಡ ಕಲ್ಲಿನ ಗೋರಿ ಕಟ್ಟಿದ ಜನರದು ಕಪ್ಪು-ಕೆಂಪು ಮಡಕೆ: ಒಳಗೂ ಕಂಠದ ಸುತ್ತಲೂ ಕಪ್ಪು, ಹೊರಮೈ ಕೆಂಪು. ಇದನ್ನು ಎರಡು ಬಣ್ಣ ಬಳಿದು ಮಾಡಿದ್ದಲ್ಲ. ಮಡಕೆಯನ್ನು ಬೋರಲು ಹಾಕಿ ಸುಟ್ಟಾಗ ಗಾಳಿ ತಾಗಿದ ಹೊರಮೈಯಲ್ಲಿ ಮಣ್ಣಿನ ಕಬ್ಬಿಣದ ಅಂಶ ಕೆಂಪಾಗುತ್ತದೆ, ಗಾಳಿಯಾಡದೆ ಹೊಗೆ ಕುಡಿದ ಒಳಭಾಗ ಮತ್ತು ಹೊಟ್ಟು ಬೂದಿಯಲ್ಲಿ ಹೂತ ಬಾಯಿ ಕಪ್ಪಾಗುತ್ತದೆ ಎಂಬುದು ಸಾಮಾನ್ಯವಾಗಿ ಒಪ್ಪಿರುವ ವಿವರಣೆ. ಕೆಲವು ಮಡಕೆಗಳ ಮೇಲೆ ಗೀಚಿದ ಗುರುತುಗಳಿರುತ್ತವೆ. ಯಾರಾದರೂ "ಇದು ಆ ಕಾಲದ ಲಿಪಿ" ಎಂದರೆ ತಲೆಯಾಡಿಸಬೇಡಿ. ಅವನ್ನು ಲಿಪಿಯೆಂದು ಎಲ್ಲರೂ ಒಪ್ಪುವಂತೆ ಓದಿ ತೋರಿಸಿದವರಿಲ್ಲ.

ಇದರ ನಂತರ ಶಾತವಾಹನರ ಕಾಲದ ಮಡಕೆ ಬರುತ್ತದೆ: ಕೆಂಗಾವಿ ಬಣ್ಣದ ಲೇಪ, ಬಿಳಿ ಗೆರೆಗಳ ಚಿತ್ತಾರ. ಕೊಡಲಿ, ಗೋರಿ, ಶಾತವಾಹನ ಎಂಬ ಈ ಮೂರು ಪದರಗಳನ್ನು ಒಂದರ ಮೇಲೊಂದು ಸ್ಪಷ್ಟವಾಗಿ ತೋರಿಸಿಕೊಟ್ಟ ಜಾಗ ನಿಮ್ಮ ಪಕ್ಕದ್ದೇ. ಮೊಳಕಾಲ್ಮುರು ತಾಲ್ಲೂಕಿನ ಬ್ರಹ್ಮಗಿರಿ. ಭಾರತೀಯ ಪುರಾತತ್ತ್ವ ಸರ್ವೇಕ್ಷಣೆಯ ಮಹಾನಿರ್ದೇಶಕರಾಗಿದ್ದ ಮಾರ್ಟಿಮರ್ ವ್ಹೀಲರ್ 1947ರಲ್ಲಿ ಬ್ರಹ್ಮಗಿರಿಯನ್ನೂ ಚಂದ್ರವಳ್ಳಿಯನ್ನೂ ಅಗೆದರು. ಅವರಿಗಿಂತ ಮೊದಲೇ ಮೈಸೂರು ಸಂಸ್ಥಾನದ ಪುರಾತತ್ತ್ವ ಇಲಾಖೆಯ ಎಂ.ಎಚ್. ಕೃಷ್ಣ ಎರಡೂ ಕಡೆ ಕೆಲಸ ಮಾಡಿದ್ದರು. ನಮ್ಮವರೇ ಕೃಷ್ಣರ ಹೆಸರನ್ನು ಮರೆತು ವ್ಹೀಲರ್ ಸಾಹೇಬರನ್ನಷ್ಟೇ ನೆನೆಯುವುದು ನನಗೆ ಸದಾ ಕಿರಿಕಿರಿ ಮಾಡುವ ಸಂಗತಿ. ನಿಮ್ಮ ಮಕ್ಕಳಿಗೆ ಎರಡು ಹೆಸರನ್ನೂ ಹೇಳಿ.

ಇಲ್ಲಿ ಗೈಡ್‌ಗೆ ಒಂದು ಪ್ರಶ್ನೆ ಹಾಕಬಹುದು: "ಸಾರ್, ಕಾಲ ಹೇಗೆ ಗೊತ್ತಾಯಿತು?" ಹಳೆಯ ಇದ್ದಿಲು, ಮೂಳೆಗಳಲ್ಲಿ ಉಳಿದ ಇಂಗಾಲವನ್ನು ಅಳೆದು ವಯಸ್ಸು ಹೇಳುವ ಇಂಗಾಲದ ಕಾಲಗಣನೆ 1947ರಲ್ಲಿ ಇನ್ನೂ ಬಳಕೆಗೆ ಬಂದಿರಲಿಲ್ಲ. ವ್ಹೀಲರ್ ಕೈಯಲ್ಲಿದ್ದದ್ದು ಒಂದು ಸರಪಳಿ. ಚಂದ್ರವಳ್ಳಿಯಲ್ಲಿ ರೋಮನ್ ಚಕ್ರವರ್ತಿಗಳಾದ ಅಗಸ್ಟಸ್ ಮತ್ತು ಟೈಬೀರಿಯಸ್ ಹೆಸರಿನ ಬೆಳ್ಳಿ ನಾಣ್ಯಗಳು ಸಿಕ್ಕಿದ್ದವು. ಟೈಬೀರಿಯಸ್ ಆಳಿದ್ದು ಕ್ರಿ.ಶ. 14ರಿಂದ 37ರವರೆಗೆ, ಅಂದರೆ ಆ ನಾಣ್ಯ ಸಿಕ್ಕ ಪದರ ಅವನ ಆಳ್ವಿಕೆ ಶುರುವಾಗುವುದಕ್ಕಿಂತ ಹಿಂದಿನದಾಗಿರಲು ಸಾಧ್ಯವಿಲ್ಲ. ಪುದುಚೇರಿ ಬಳಿಯ ಅರಿಕಮೇಡುವಿನಲ್ಲಿ 1945ರಲ್ಲಿ ಅವರೇ ಅಗೆದಾಗ, ಕಾಲ ಗೊತ್ತಿದ್ದ ಇಟಲಿಯ ಮಡಕೆಯ ಜೊತೆ ಒಂದು ಬಗೆಯ ಚಕ್ರಗೆರೆಯ ಮಡಕೆ ಸಿಕ್ಕಿತ್ತು. ಅದೇ ಬಗೆಯದು ಬ್ರಹ್ಮಗಿರಿಯ ಮೇಲಿನ ಪದರದಲ್ಲೂ ಬಂತು. ಹೀಗೆ ಒಂದು ಕೊಂಡಿಯನ್ನು ಹಿಡಿದು ಇನ್ನೊಂದಕ್ಕೆ ಹೋಗಿ ಶಾತವಾಹನ ಪದರ ಕ್ರಿ.ಶ. ಮೊದಲ ಶತಮಾನದ್ದು, ಅದರ ಕೆಳಗಿನ ಗೋರಿಗಳವರು ಕ್ರಿ.ಪೂ. 200ರ ಸುಮಾರಿಗೆ ಬಂದವರು, ಕೊಡಲಿಯವರು ಕ್ರಿ.ಪೂ. ಮೊದಲ ಸಹಸ್ರಮಾನದ ಆರಂಭದವರು ಎಂದು ಲೆಕ್ಕ ಹಾಕಿದರು.

ಮೇಲಿನ ಪದರದ ಲೆಕ್ಕ ಉಳಿಯಿತು. ಕೆಳಗಿನ ಎರಡು ಉಳಿಯಲಿಲ್ಲ. ಆಮೇಲೆ ಇಂಗಾಲದ ಕಾಲಗಣನೆ ಬಂದು ದಕ್ಷಿಣದ ನವಶಿಲಾಯುಗವನ್ನು, ಅಂದರೆ ಕೊಡಲಿಯವರ ಕಾಲವನ್ನು, ಕ್ರಿ.ಪೂ. ಮೂರನೆಯ ಸಹಸ್ರಮಾನಕ್ಕೆ, ಗೋರಿಗಳವರ ಕಾಲವಾದ ಕಬ್ಬಿಣ ಮತ್ತು ಬೃಹತ್ ಶಿಲೆಗಳ ಕಾಲವನ್ನು ಕ್ರಿ.ಪೂ. 1000ದ ಆಸುಪಾಸಿಗೆ ತಳ್ಳಿತು. ತುಂಗಭದ್ರೆಯ ದಡದ ಹಳ್ಳೂರಿನಲ್ಲಿ ಎಂ.ಎಸ್. ನಾಗರಾಜರಾವ್ ನಡೆಸಿದ ಉತ್ಖನನ ಕಬ್ಬಿಣವನ್ನು ಅಷ್ಟು ಹಿಂದಕ್ಕೆ ಒಯ್ದದ್ದರಲ್ಲಿ ಮುಖ್ಯವಾದದ್ದು. ಹಾಗಾಗಿ ಎಲ್ಲಾದರೂ ಫಲಕದಲ್ಲಿ "ಬೃಹತ್ ಶಿಲಾಯುಗ, ಕ್ರಿ.ಪೂ. 200" ಎಂದು ಬರೆದಿದ್ದರೆ, ಅಥವಾ ಗೈಡ್ ಹಾಗೆ ಹೇಳಿದರೆ, ಅದು 1947ರ ಲೆಕ್ಕ ಎಂದು ತಿಳಿಯಿರಿ. ತಪ್ಪು ಹಿಡಿಯುವ ಧಾಟಿಯಲ್ಲಿ ಹೇಳಬೇಡಿ, ಮಕ್ಕಳ ಮುಂದೆ ಯಾರ ಮುಖವೂ ಸಪ್ಪಗಾಗಬಾರದು. ಮರಳುವಾಗ ಬಸ್ಸಿನಲ್ಲಿ ಈ ಸರಪಳಿಯನ್ನು ಬಿಡಿಸಿ ಹೇಳಿ. ಒಂಬತ್ತನೆಯ ತರಗತಿಯವರಿಗೆ ಇದು ಪತ್ತೇದಾರಿ ಕಥೆಗಿಂತ ಚೆನ್ನಾಗಿ ಹಿಡಿಸುತ್ತದೆ.

ಮೂರನೆಯದು ಗೋರಿ. ಚಿತ್ರದುರ್ಗದಲ್ಲಿ ಕಿಂಡಿ ಎಂದರೆ ಓಬವ್ವನದೇ. ಆಕೆಯ ಕಿಂಡಿ 18ನೆಯ ಶತಮಾನದ್ದು. ಅದಕ್ಕಿಂತ ಎರಡು ಸಾವಿರಕ್ಕೂ ಹೆಚ್ಚು ವರ್ಷ ಹಿಂದೆ ಇದೇ ಜಿಲ್ಲೆಯಲ್ಲಿ ಗ್ರಾನೈಟ್ ಚಪ್ಪಡಿಗಳಿಂದ ಪೆಟ್ಟಿಗೆಯಂಥ ಗೋರಿ ಕಟ್ಟಿ, ಒಂದು ಚಪ್ಪಡಿಯಲ್ಲಿ ದುಂಡನೆಯ ಕಿಂಡಿ ಕೊರೆದು, ಸುತ್ತ ಬಂಡೆಗಳ ಬಳೆ ಇಟ್ಟಿದ್ದರು. ಬ್ರಹ್ಮಗಿರಿಯ ಗೋರಿಗಳಲ್ಲಿ ನಾಲ್ಕು ಚಪ್ಪಡಿಗಳು ಒಂದರ ತುದಿ ಇನ್ನೊಂದಕ್ಕೆ ತಡೆಯಾಗುವಂತೆ ಸ್ವಸ್ತಿಕದ ರೀತಿಯಲ್ಲಿ ಜೋಡಣೆಯಾಗಿವೆ. ಹೊರಗಿನ ಮಣ್ಣಿನ ಒತ್ತಡಕ್ಕೆ ಒಳಕ್ಕೆ ಕುಸಿಯದಿರಲಿ ಎಂಬ ಲೆಕ್ಕಾಚಾರ ಅದು. ಒಳಗೆ ಒಬ್ಬರಿಗಿಂತ ಹೆಚ್ಚು ಜನರ ಮೂಳೆಗಳು, ಮಡಕೆಗಳು, ಕಬ್ಬಿಣದ ಸಲಕರಣೆಗಳು. ಬೇರೆಡೆ ಇಟ್ಟು ಮಾಂಸ ಕಳೆದ ಮೇಲೆ ಮೂಳೆಗಳನ್ನಷ್ಟೇ ತಂದು ಸೇರಿಸುತ್ತಿದ್ದರು ಎಂದು ವಿದ್ವಾಂಸರ ಊಹೆ. ಇಂಥ ಗೋರಿಗಳನ್ನು ನಮ್ಮ ಜನ ಮೋರ್ಯರ (ಹಿಂದಿದ್ದ ಕುಳ್ಳ ಜನರೆಂಬ ನಂಬಿಕೆ) ಮನೆ, ಪಾಂಡವರ ಮನೆ ಎಂದೆಲ್ಲ ಕರೆಯುತ್ತಾರೆ. ಗೈಡ್ ಆ ಕಥೆ ಹೇಳಿದರೆ ಕೇಳಿಸಿಕೊಳ್ಳಿ. ಮಕ್ಕಳಿಗೆ ಮಾತ್ರ ಇಷ್ಟು ಸ್ಪಷ್ಟವಿರಲಿ: ಗೋರಿ ನೆಲದಿಂದ ಬಂದದ್ದು, ಮೂಳೆ ಹೇಗೆ ಬಂತೆಂಬುದು ಅಗೆದವರ ಊಹೆ, ಮೋರ್ಯರು ಊರಿನವರ ಕಥೆ. ಮೂರಕ್ಕೂ ಬೆಲೆ ಇದೆ, ಬೆರೆಸಿದರೆ ಒಂದಕ್ಕೂ ಇರುವುದಿಲ್ಲ.

ಕೊಡಲಿಯವರ ಊರಿನೊಳಗೆ ಎಳೆ ಕೂಸುಗಳನ್ನು ಮಡಕೆಯಲ್ಲಿಟ್ಟು ಹೂಳಿದ ಉದಾಹರಣೆಗಳೂ ಬ್ರಹ್ಮಗಿರಿಯಲ್ಲಿ ಸಿಕ್ಕಿವೆ. ಇದನ್ನು ಮಕ್ಕಳಿಂದ ಮುಚ್ಚಿಡಬೇಕೇ ಎಂದು ಕೆಲವು ಶಿಕ್ಷಕರು ಹಿಂಜರಿಯುತ್ತಾರೆ. ಬೇಡ. ನೇರವಾಗಿ ಹೇಳಿ, ಮಕ್ಕಳು ದೊಡ್ಡವರಿಗಿಂತ ಚೆನ್ನಾಗಿ ಅರ್ಥಮಾಡಿಕೊಳ್ಳುತ್ತಾರೆ.

ಒಂದು ಎಚ್ಚರಿಕೆ. ಬ್ರಹ್ಮಗಿರಿ, ಚಂದ್ರವಳ್ಳಿಗಳಲ್ಲಿ ಸಿಕ್ಕಿದ್ದೆಲ್ಲ ಚಿತ್ರದುರ್ಗದಲ್ಲೇ ಉಳಿದಿಲ್ಲ. ಚಂದ್ರವಳ್ಳಿಯ ಕೆಲವು ವಸ್ತುಗಳು ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿವೆ. "ಇದು ಮೂಲವೇ, ಪ್ರತಿಕೃತಿಯೇ?" ಎಂದು ಕೇಳುವುದರಲ್ಲಿ ಸಂಕೋಚ ಬೇಡ.

ಇನ್ನು ನಿಮ್ಮ ಹುಡುಗನ ಪ್ರಶ್ನೆ. ಅವನು ಕೇಳಿದ್ದು ನಗುವಂಥ ಪ್ರಶ್ನೆಯಲ್ಲ, ಈ ಕ್ಷೇತ್ರದಲ್ಲಿ ಎಲ್ಲಕ್ಕಿಂತ ಬಿಗಿಯಾದ ಗಂಟು ಅದೇ. ನವಶಿಲಾಯುಗ, ಬೃಹತ್ ಶಿಲಾಯುಗ ಎಂಬ ಹೆಸರುಗಳೆಲ್ಲ ಅವರು ಬಿಟ್ಟುಹೋದ ವಸ್ತುಗಳನ್ನು ನೋಡಿ ನಾವು ಇಟ್ಟವು. ಅವರು ತಮ್ಮನ್ನು ಏನೆಂದು ಕರೆದುಕೊಂಡರು, ಯಾವ ಭಾಷೆ ಆಡಿದರು ಎಂದು ಮಡಕೆ ಹೇಳುವುದಿಲ್ಲ. ಮಡಕೆಯ ಬಣ್ಣ ನೋಡಿ ಇಂದಿನ ಒಂದು ಜಾತಿಯನ್ನೋ ಬುಡಕಟ್ಟನ್ನೋ ಅದಕ್ಕೆ ಗಂಟು ಹಾಕುವ ಮಾತು ಯಾರಿಂದ ಬಂದರೂ ಒಪ್ಪಬೇಡಿ. "ಇವರು ನಮ್ಮವರು, ಅವರು ಹೊರಗಿನವರು" ಎಂಬ ಮಾತಿಗೆ ಈ ಪೆಟ್ಟಿಗೆಗಳಲ್ಲಿ ಪುರಾವೆ ಇಲ್ಲ. ಹಾಗೆಂದು ಅವರು ಯಾರೋ ಬಂದು ಮಾಯವಾಗಿ ಹೋದವರು ಎನ್ನುವುದೂ ಸರಿಯಲ್ಲ. ನಾವು ಇಂದಿಗೂ ಉಣ್ಣುವ ಹುರುಳಿ, ಹೆಸರುಗಳನ್ನು ದಕ್ಷಿಣದ ನವಶಿಲಾಯುಗದ ಜನ ಬೆಳೆಯುತ್ತಿದ್ದರು. ಅವರ ಬದುಕಿನ ನಡುಗಂಬ ದನ. ಬಳ್ಳಾರಿ, ರಾಯಚೂರು ಸೀಮೆಗಳ ಬೂದಿದಿಬ್ಬಗಳು ಪದೇ ಪದೇ ಸಗಣಿ ಸುಟ್ಟು ಎದ್ದವು. ತೆಲಂಗಾಣದ ಉಟ್ನೂರಿನಲ್ಲಿ ಅಂಥದೊಂದು ದಿಬ್ಬ ಅಗೆದ ರೇಮಂಡ್ ಆಲ್ಚಿನ್ ಅವರಿಗೆ ಬೂದಿಯ ನಡುವೆ ದನದ ದೊಡ್ಡಿಯ ಕಂಬಗುಳಿಗಳೂ ಗೊರಸಿನ ಗುರುತುಗಳೂ ಕಂಡವು.

ಈಗ ಚಳ್ಳಕೆರೆ, ಮೊಳಕಾಲ್ಮುರು, ನಿಮ್ಮ ಜಗಳೂರು ಕಡೆಯ ಪಶುಪಾಲಕ ಸಮುದಾಯಗಳಾದ ಮ್ಯಾಸನಾಯಕರ ಹಟ್ಟಿಗಳನ್ನೂ ಕಾಡುಗೊಲ್ಲರ ಹಟ್ಟಿಗಳನ್ನೂ ನೆನೆಯಿರಿ. ದೇವರ ಎತ್ತುಗಳು, ಅವನ್ನು ಕಾಯುವ ಕಿಲಾರಿಗಳು, ಮುಳ್ಳುಬೇಲಿಯ ರೊಪ್ಪ, ಚಳ್ಳಕೆರೆ ಸೀಮೆಯ ಕ್ಯಾತಪ್ಪನ ಜಾತ್ರೆಯಲ್ಲಿ ಬರಿಗಾಲಲ್ಲಿ ಹತ್ತುವ ಮುಳ್ಳಿನ ಗುಡಿ. ಅದೇ ಒಣನೆಲ, ಅದೇ ದನ. ಇವರು ಅವರ ನೇರ ವಾರಸುದಾರರು ಎಂದು ಹೇಳಲು ನನ್ನಲ್ಲಿ ಆಧಾರವಿಲ್ಲ, ಹೇಳುವುದೂ ಇಲ್ಲ. ಆದರೆ ದನ ನಂಬಿದ ಬದುಕು ಈ ನೆಲದಲ್ಲಿ ಹೇಗಿರುತ್ತದೆ ಎಂದು ತಿಳಿಯಬೇಕಾದರೆ ಗಾಜಿನ ಪೆಟ್ಟಿಗೆಗಿಂತ ಹಟ್ಟಿಯಲ್ಲಿ ಹೆಚ್ಚು ತಿಳಿಯುತ್ತದೆ. ನಿಮ್ಮ ತರಗತಿಯಲ್ಲೇ ಹಟ್ಟಿಯಿಂದ ಬರುವ ಮಕ್ಕಳಿದ್ದರೆ, ಮತ್ತು ಅವರಿಗೆ ಹೇಳಬೇಕೆನಿಸಿದರೆ, ಅಂದು ಅವರೇ ಗೈಡ್ ಆಗಲಿ. ಬಲವಂತ ಬೇಡ. "ನಿಮ್ಮ ಕಡೆ ಹೀಗಂತೆ, ಹೌದೇನೋ?" ಎಂದು ಎಲ್ಲರೆದುರು ಎಬ್ಬಿಸಿ ನಿಲ್ಲಿಸುವುದಂತೂ ಖಂಡಿತ ಬೇಡ. ಸಂಗ್ರಹಾಲಯಗಳಲ್ಲಿ ಬುಡಕಟ್ಟು ಜನರ ವಸ್ತುಗಳ ಮುಂದೆ ಗೈಡ್ "ಇದ್ದರು, ಮಾಡುತ್ತಿದ್ದರು" ಎಂದು ಭೂತಕಾಲದಲ್ಲಿ ಮಾತಾಡುವಾಗ, ಅದನ್ನು ಬಳಸುವ ಮನೆಯ ಮಗು ಪಕ್ಕದಲ್ಲೇ ನಿಂತಿರಬಹುದು.

ಊಟವಾದ ಮೇಲೆ ಚಂದ್ರವಳ್ಳಿಗೆ ಹೋಗಿ. ಅಲ್ಲಿ ಅಂಕಲಿಮಠದ ನೆಲದಡಿಯ ಕೋಣೆಗಳಿಗೆ ಇಳಿಯುವುದಾದರೆ ಗೈಡ್ ಇಲ್ಲದೆ ಇಳಿಯಲೇಬೇಡಿ. ಒಳಗೆ ಕಗ್ಗತ್ತಲು, ದಾರಿ ತಪ್ಪುತ್ತದೆ. ಟಾರ್ಚ್ ಹಿಡಿದು ಹತ್ತು ಹತ್ತು ಮಕ್ಕಳಾಗಿ ಹೋಗಿ ಬನ್ನಿ. ಭೈರವೇಶ್ವರ ಗುಡಿಯ ಬಳಿಯ ಬಂಡೆಯ ಮೇಲೆ ಕದಂಬರ ಮಯೂರಶರ್ಮನ ಶಾಸನವಿದೆ. ಕೆರೆ ಕಟ್ಟಿಸಿದ ಸಂಗತಿ ಅದರಲ್ಲಿದೆ. ಅದನ್ನು ಮೊದಲ ಕನ್ನಡ ಶಾಸನ ಎಂದು ಯಾರಾದರೂ ಹೆಮ್ಮೆಯಿಂದ ಹೇಳಿಬಿಡಬಹುದು. ಅದರ ಭಾಷೆ ಪ್ರಾಕೃತ, ಲಿಪಿ ಬ್ರಾಹ್ಮಿ. ಅವನು ಗೆದ್ದನೆಂದು ಹೇಳುವ ನಾಡುಗಳ ಪಟ್ಟಿಯನ್ನು ಕೃಷ್ಣ ಓದಿದ ರೀತಿಯ ಬಗ್ಗೆ ವಿದ್ವಾಂಸರಲ್ಲಿ ಭಿನ್ನಾಭಿಪ್ರಾಯವೂ ಇದೆ. ಕಣಿವೆಯಲ್ಲಿ ಮಡಕೆ ಚೂರು ಕಂಡರೆ ಮಕ್ಕಳ ಕೈ ಸುಮ್ಮನಿರುವುದಿಲ್ಲ. ನೋಡಲಿ, ಬೇಕಾದರೆ ಚಿತ್ರ ಬರೆದುಕೊಳ್ಳಲಿ, ಜೇಬಿಗೆ ಮಾತ್ರ ಹೋಗಬಾರದು. ಬೆಳಗ್ಗೆ ಕೇಳಿದ "ಎಲ್ಲಿ ಸಿಕ್ಕಿತು?" ಎಂಬ ಪ್ರಶ್ನೆಗೆ ಆ ಚೂರು ಉತ್ತರ ಕೊಡಬಲ್ಲದ್ದು ಅದು ಬಿದ್ದಲ್ಲೇ ಇದ್ದಾಗ.

ಇನ್ನೊಂದು ದಿನ ಸಿಕ್ಕರೆ ಚಳ್ಳಕೆರೆ ದಾಟಿ ಬಳ್ಳಾರಿ ದಾರಿ ಹಿಡಿಯಿರಿ. ಬ್ರಹ್ಮಗಿರಿಯಲ್ಲಿ ಬಿ.ಎಲ್. ರೈಸ್ 1892ರಲ್ಲಿ ಗುರುತಿಸಿದ ಅಶೋಕನ ಶಾಸನವಿದೆ. ಮೌರ್ಯರ ದಕ್ಷಿಣದ ಆಡಳಿತ ಕೇಂದ್ರ ಸುವರ್ಣಗಿರಿಯಿಂದ ಇಸಿಲ ಎಂಬ ಊರಿನ ಮಹಾಮಾತ್ರರಿಗೆ, ಅಂದರೆ ಅಧಿಕಾರಿಗಳಿಗೆ, ಬಂದ ಆಜ್ಞೆ. ಬರೆದ ಚಪಡ ಎಂಬ ಲಿಪಿಕಾರ ಇಡೀ ಶಾಸನವನ್ನು ಬ್ರಾಹ್ಮಿಯಲ್ಲಿ ಬರೆದು, ತನ್ನ ಕಸುಬಿನ ಹೆಸರನ್ನು ಮಾತ್ರ ಬಲದಿಂದ ಎಡಕ್ಕೆ ಸಾಗುವ ಖರೋಷ್ಠಿಯಲ್ಲಿ ಬರೆದಿದ್ದಾನೆ. ಖರೋಷ್ಠಿ ದೂರದ ವಾಯವ್ಯ ಗಡಿಯ ಲಿಪಿ. ಮೊಳಕಾಲ್ಮುರಿನ ಬಂಡೆಯ ಮೇಲೆ ಅದು ಬಂದದ್ದು ಹೇಗೆ ಎಂದು ಮಕ್ಕಳೇ ಯೋಚಿಸಲಿ. ಮುಂದೆ ಬಳ್ಳಾರಿಯಲ್ಲಿ, ಭಾರತದ ಪ್ರಾಗಿತಿಹಾಸದ ಅಧ್ಯಯನಕ್ಕೆ ದಾರಿ ಹಾಕಿದ ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್ ಹೆಸರಿನ ಸಂಗ್ರಹಾಲಯವಿದೆ. ಪ್ರಾಗಿತಿಹಾಸಕ್ಕೇ ಮೀಸಲಾದದ್ದು, ಸಂಗನಕಲ್ಲಿನ ವಸ್ತುಗಳು ಅಲ್ಲಿವೆ.

ಬರೆಸುವ ವಿಷಯಕ್ಕೆ ಬಂದರೆ, ದಯವಿಟ್ಟು "ನಾನು ಕಂಡ ಚಿತ್ರದುರ್ಗ" ಎಂಬ ಪ್ರಬಂಧ ಬೇಡ. ನಲವತ್ತೂ ಮಕ್ಕಳು ಒಂದೇ ಪ್ರಬಂಧ ಬರೆಯುತ್ತಾರೆ, ತಿದ್ದುವವರು ನೀವು. ಪ್ರತಿಯೊಬ್ಬರೂ ಒಂದೇ ಒಂದು ವಸ್ತು ಆರಿಸಿಕೊಳ್ಳಲಿ. ಅದರ ಚಿತ್ರವನ್ನು ಪೆನ್ಸಿಲ್‌ನಲ್ಲಿ ಬರೆಯಲಿ, ಫೋಟೋ ಬೇಡ. ಪೆನ್ಸಿಲ್ ಹಿಡಿದಾಗಲೇ ಕಣ್ಣು ಅಂಚಿನ ಮೇಲೆ ನಿಲ್ಲುವುದು. ಪಕ್ಕದಲ್ಲಿ ಅದು ಯಾವುದರಿಂದ ಮಾಡಿದ್ದು, ಎಲ್ಲಿ ಸಿಕ್ಕಿದ್ದು, ಯಾವುದರ ಜೊತೆ ಸಿಕ್ಕಿದ್ದು, ಗೈಡ್ ಹೇಳಿದ ಒಂದು ಮಾತು, ಮತ್ತು ಉತ್ತರ ಸಿಗದೆ ಉಳಿದ ಒಂದು ಪ್ರಶ್ನೆ. ಆ ಉಳಿದ ಪ್ರಶ್ನೆಗಳನ್ನು ಒಟ್ಟುಮಾಡಿ ಸಂಗ್ರಹಾಲಯಕ್ಕೇ ಅಂಚೆಯಲ್ಲಿ ಕಳಿಸಿ. ನಿಮ್ಮ ಹುಡುಗನ ಪ್ರಶ್ನೆ ಮೊದಲನೆಯದಾಗಿರಲಿ. ಒಂದು ತಿಂಗಳಲ್ಲಿ ಉತ್ತರ ಬಾರದಿದ್ದರೆ ಇನ್ನೊಮ್ಮೆ ಬರೆಯಿರಿ, ಈ ಸಲ ಮಕ್ಕಳ ಸಹಿಯೊಂದಿಗೆ.